ಪೋಲೀಸರ ಮೇಲಿನ ದಾವೆಯೂ ಸರಕಾರದ ಅಪ್ಪಣೆಯೂ

ಅಂಕಲಗಿಯ ರೈತನಿಗೆ ನೆರೆಯವನಿಂದ ನಷ್ಟವಾದರೆ ಗೋಕಾಕದ ದಿವಾಣಿ ಕೋರ್ಟಿನ ಬಾಗಿಲು ತೆರೆದೇ ಇದೆ. ನಷ್ಟವು ಫೌಜದಾರನ ಕೈಯಿಂದಾದರೋ? ಬೆಳಗಾವಿ ಜಿಲ್ಲೆಯು 1956ರಲ್ಲಿ ಮೈಸೂರು ರಾಜ್ಯವನ್ನು ಸೇರಿತು. ಆ ರಾಜ್ಯದ 1963ರ ಪೋಲೀಸು ಕಾಯದೆಯ 170ನೆಯ ಕಲಮು, ಕರ್ತವ್ಯದ ನೆವದಿಂದಾಗಲಿ ಅದನ್ನು ಮೀರಿಯಾಗಲಿ ಪೋಲೀಸರು ಮಾಡಿದ ಕೃತ್ಯಕ್ಕೆ ಸರಕಾರದ ಪೂರ್ವಾನುಮತಿಯಿಲ್ಲದೆ ದಾವೆ ನಡೆಯದೆಂದು ವಿಧಿಸಿತು. ಒಂದು ವರ್ಷದ ಮುದ್ದತ್ತನ್ನೂ ಗೊತ್ತುಪಡಿಸಿತು.

ಸರಕಾರವನ್ನೇ ಹೊಣೆ ಮಾಡೋಣವೆಂದರೆ 1965ರ ಕಸ್ತೂರಿಲಾಲ ಪ್ರಕರಣವು ಅಡ್ಡಬಂದಿತು. 1947ರಲ್ಲಿ ಮೀರತದ ಪೋಲೀಸರು ವಶಪಡಿಸಿಕೊಂಡ ಸುಮಾರು 103 ತೊಲೆ ಬಂಗಾರವನ್ನು ಅವರ ಹವಾಲದಾರನೇ ಅಪಹರಿಸಿ ಓಡಿದ್ದನು. ಆದರೂ ಅದು ಸಾರ್ವಭೌಮಾಧಿಕಾರದ ಕಾರ್ಯದಲ್ಲಾದ ನಷ್ಟವೆಂದು ಸುಪ್ರೀಂ ಕೋರ್ಟು ದಾವೆಯನ್ನು ತಳ್ಳಿಹಾಕಿತು. ಕಾಯದೆಯನ್ನು ತಿದ್ದಬೇಕೆಂದು ಮಾತ್ರ ಶಾಸನಸಭೆಗಳಿಗೆ ಸೂಚಿಸಿತು. ಕಾನೂನು ಆಯೋಗವು 1956ರಲ್ಲಿಯೇ ಹಾಗೆ ಹೇಳಿತ್ತು. 1967ರ ಮಸೂದೆಯಾದರೋ ಕಾಯದೆಯಾಗದೆಯೇ ಅಳಿಯಿತು.

ಶಾಸನಸಭೆಯು ಮಾಡದುದನ್ನು ನ್ಯಾಯಾಸನವು ಕಿಂಚಿತ್ ಮಾಡಿತು. ನಮ್ಮ ರಾಜ್ಯದ ಗೃಹಿಣಿಯೊಬ್ಬಳ ಒಡವೆಗಳು ಠಾಣೆಯಲ್ಲಿ ಮಾಯವಾದುದಕ್ಕೆ ಸರಕಾರವು ಬೆಲೆ ತೆರಬೇಕೆಂದು 1977ರಲ್ಲಿ ತೀರ್ಪಾಯಿತು. 1993ರ ನೀಲಾಬತಿ ಬೆಹೆರಾ ಪ್ರಕರಣದಲ್ಲಿ, ಪೋಲೀಸರ ವಶದಲ್ಲಿ ಮಡಿದವನ ತಾಯಿಗೆ 1,50,000 ರೂಪಾಯಿಗಳ ಪರಿಹಾರ ದೊರೆಯಿತು. ಮೂಲಭೂತ ಹಕ್ಕಿನ ಮುಂದೆ ಸಾರ್ವಭೌಮತ್ವದ ನೆಪವು ನಿಲ್ಲಲಿಲ್ಲ.

170ನೆಯ ಕಲಮಾದರೋ 2020ರ ದೇವರಾಜ ಪ್ರಕರಣದಲ್ಲಿಯೂ ಪೋಲೀಸು ಅಧಿಕಾರಿಗೆ ಆಸರೆಯಾಯಿತು. ಅಪ್ಪಣೆ ಕೊಡತಕ್ಕವನು ಆ ನೌಕರನ ಒಡೆಯನೇ; ಪರಿಹಾರ ಬರುವುದು ಬೊಕ್ಕಸದಿಂದ. ಬೊಕ್ಕಸವನ್ನು ತುಂಬುವವನು ಯಾರೆಂಬುದನ್ನು ವಾಚಕರು ಬಲ್ಲರು.