ಕರ್ನಾಟಕದಲ್ಲಿ ಸ್ಥಳೀಯರಿಗೆ ಉದ್ಯೋಗ ಮೀಸಲಾತಿ

ಕರ್ನಾಟಕದಲ್ಲಿ ಸ್ಥಳೀಯರಿಗೆ ಉದ್ಯೋಗ ಮೀಸಲಾತಿ ಎಂಬುದು ರಾಜ್ಯದಲ್ಲಿರುವ ಕೇಂದ್ರೋದ್ಯಮಗಳು, ಖಾಸಗಿ ಕಾರ್ಖಾನೆಗಳು ಹಾಗೂ ಇತರ ಸಂಸ್ಥೆಗಳ ಹುದ್ದೆಗಳಲ್ಲಿ ನಿರ್ದಿಷ್ಟ ಪಾಲನ್ನು ಕನ್ನಡಿಗರಿಗೆ ಮೀಸಲಿಡಬೇಕೆಂಬ ಬೇಡಿಕೆ ಮತ್ತು ಆ ಬೇಡಿಕೆಯಿಂದ ರೂಪುಗೊಂಡ ವರದಿ, ನೀತಿ, ಮಸೂದೆಗಳನ್ನು ಒಳಗೊಂಡ ವಿಷಯವಾಗಿದೆ. 1986ರ ಸರೋಜಿನಿ ಮಹಿಷಿ ವರದಿ ಇದರ ಪ್ರಮುಖ ದಾಖಲೆ. 2024ರ ಜುಲೈ ತಿಂಗಳಲ್ಲಿ ರಾಜ್ಯ ಸಚಿವ ಸಂಪುಟವು ಖಾಸಗಿ ವಲಯಕ್ಕೂ ಅನ್ವಯಿಸುವ ಮಸೂದೆಯೊಂದನ್ನು ಅನುಮೋದಿಸಿ, ಎರಡೇ ದಿನಗಳಲ್ಲಿ ತಡೆಹಿಡಿಯಿತು. ಭಾರತದ ಸಂವಿಧಾನದಲ್ಲಿ ರಾಜ್ಯ ಪೌರತ್ವ ಎಂಬುದಿಲ್ಲ. ಇರುವುದು ಭಾರತದ ಏಕ ಪೌರತ್ವ ಮಾತ್ರ. ಆದುದರಿಂದ ಈ ವಿವಾದದ ತಿರುಳು ಎಷ್ಟು ಶೇಕಡ ಎಂಬುದಕ್ಕಿಂತ ಹೆಚ್ಚಾಗಿ, 'ಸ್ಥಳೀಯ' ಎಂದರೆ ಯಾರು ಎಂಬ ಪ್ರಶ್ನೆಯಲ್ಲಿದೆ.

ಹಿನ್ನೆಲೆ

ಬೆಂಗಳೂರಿನಲ್ಲಿ ಈ ಬೇಡಿಕೆ ಮೊದಲು ಬಲಗೊಂಡದ್ದು ಸಾರ್ವಜನಿಕ ವಲಯದ ಬೃಹತ್ ಕಾರ್ಖಾನೆಗಳಲ್ಲಿ. 1940ರಲ್ಲಿ ಸ್ಥಾಪನೆಯಾದ ಹಿಂದೂಸ್ತಾನ್ ಏರ್‌ಕ್ರಾಫ್ಟ್ (ಇಂದಿನ ಎಚ್‌ಎಎಲ್), 1948ರ ಐಟಿಐ, 1953ರ ಎಚ್‌ಎಂಟಿ, 1954ರ ಬಿಇಎಲ್ ಹಾಗೂ 1964ರ ಬಿಇಎಂಎಲ್ ನಗರದ ಅಂಚಿನಲ್ಲಿ ತಮ್ಮದೇ ಬಡಾವಣೆ, ಶಾಲೆ, ಆಸ್ಪತ್ರೆಗಳೊಡನೆ ಬೆಳೆದವು. ಅಲ್ಲಿನ ಕೆಲಸವೆಂದರೆ ನಿವೃತ್ತಿಯವರೆಗಿನ ಭದ್ರತೆ, ವಸತಿಗೃಹ ಮತ್ತು ಪಿಂಚಣಿ. ಇಂತಹ ಹುದ್ದೆಗಳು ನೆರೆರಾಜ್ಯಗಳಿಂದ ಬಂದವರಿಗೆ ಹೆಚ್ಚಾಗಿ ದೊರೆಯುತ್ತಿವೆ ಎಂಬ ಅಸಮಾಧಾನ ಕಾರ್ಮಿಕ ವಲಯದಲ್ಲೇ ಹುಟ್ಟಿತು. ಕಾರ್ಖಾನೆಗಳೊಳಗೆ ರೂಪುಗೊಂಡ ಕನ್ನಡ ಸಂಘಗಳು ರಾಜ್ಯೋತ್ಸವ ನಡೆಸುವುದರ ಜೊತೆಗೆ ನೇಮಕಾತಿಯ ಪ್ರಶ್ನೆಯನ್ನೂ ಎತ್ತಿದವು.

1980ರ ಡಿಸೆಂಬರ್‌ನಿಂದ 1981ರ ಮಾರ್ಚ್‌ವರೆಗೆ ಈ ಉದ್ಯಮಗಳ ಕಾರ್ಮಿಕರು 77 ದಿನಗಳ ಸಂಯುಕ್ತ ಮುಷ್ಕರ ನಡೆಸಿದರು. ಆ ಹೋರಾಟದಲ್ಲಿ ಭಾಷಾಭೇದವಿರಲಿಲ್ಲ. ಅದು ಫಲಕಾರಿಯಾಗದೆ ಮುಗಿದ ಮರುವರ್ಷ, 1982ರಲ್ಲಿ, ಗೋಕಾಕ್ ವರದಿಯ ಜಾರಿಗಾಗಿ ನಡೆದ ಚಳವಳಿಗೆ ಡಾ. ರಾಜ್‌ಕುಮಾರ್ ಧುಮುಕಿದರು. ಶಾಲೆಯಲ್ಲಿ ಕನ್ನಡಕ್ಕೆ ಪ್ರಥಮ ಸ್ಥಾನ ಕೇಳಿದ ಈ ಚಳವಳಿ ಉದ್ಯೋಗದ ಬೇಡಿಕೆಗೂ ರಾಜ್ಯವ್ಯಾಪಿ ಬಲ ನೀಡಿತು. ಕನ್ನಡದಲ್ಲಿ ಕಲಿತವನಿಗೆ ಕನ್ನಡ ನೆಲದಲ್ಲಿ ಕೆಲಸವಿಲ್ಲದಿದ್ದರೆ ಕಲಿಕೆಗೆ ಬೆಲೆಯೇನು ಎಂಬ ಪ್ರಶ್ನೆ ಎರಡನ್ನೂ ಬೆಸೆಯಿತು.

ಸರೋಜಿನಿ ಮಹಿಷಿ ವರದಿ

ರಾಮಕೃಷ್ಣ ಹೆಗಡೆ ನೇತೃತ್ವದ ಸರ್ಕಾರವು 1983ರಲ್ಲಿ ಸರೋಜಿನಿ ಮಹಿಷಿಯವರ ಅಧ್ಯಕ್ಷತೆಯಲ್ಲಿ ಸಮಿತಿಯೊಂದನ್ನು ರಚಿಸಿತು. ಧಾರವಾಡದ ಮಹಿಷಿ (1927–2015) ಆ ಭಾಗದಿಂದ ನಾಲ್ಕು ಬಾರಿ ಲೋಕಸಭೆಗೆ ಆಯ್ಕೆಯಾಗಿ ಕೇಂದ್ರದಲ್ಲಿ ಸಚಿವೆಯೂ ಆಗಿದ್ದವರು. ಸಮಿತಿ 1984ರಲ್ಲಿ ಮಧ್ಯಂತರ ವರದಿಯನ್ನೂ 1986ರ ಡಿಸೆಂಬರ್‌ನಲ್ಲಿ ಅಂತಿಮ ವರದಿಯನ್ನೂ ಸಲ್ಲಿಸಿತು. ಅದರಲ್ಲಿ 58 ಶಿಫಾರಸುಗಳಿದ್ದವು. ರಾಜ್ಯದಲ್ಲಿರುವ ಕೇಂದ್ರ ಸರ್ಕಾರದ ಘಟಕಗಳಲ್ಲಿ ಸಿ ಮತ್ತು ಡಿ ವರ್ಗದ ಹುದ್ದೆಗಳನ್ನು ಪೂರ್ಣವಾಗಿ, ಬಿ ವರ್ಗದಲ್ಲಿ ಶೇ. 80 ಮತ್ತು ಎ ವರ್ಗದಲ್ಲಿ ಶೇ. 65ರಷ್ಟನ್ನು ಕನ್ನಡಿಗರಿಗೆ ನೀಡಬೇಕೆಂಬುದು ಅವುಗಳಲ್ಲಿ ಹೆಚ್ಚು ಪ್ರಸಿದ್ಧವಾದುದು.

ವರದಿಯ ದೃಷ್ಟಿಯಲ್ಲಿ ಕನ್ನಡಿಗನೆಂದರೆ 15 ವರ್ಷ ರಾಜ್ಯದಲ್ಲಿ ನೆಲೆಸಿದ್ದು, ಕನ್ನಡವನ್ನು ಓದಲು, ಬರೆಯಲು, ಮಾತನಾಡಲು ಬಲ್ಲವನು. ಇಲ್ಲಿ ಹುಟ್ಟಿನ ಷರತ್ತಿಲ್ಲ, ಮಾತೃಭಾಷೆಯ ಷರತ್ತೂ ಇಲ್ಲ. ತುಳು, ಕೊಡವ, ಕೊಂಕಣಿ, ಉರ್ದು, ತೆಲುಗು ಮನೆಮಾತಿನವರು ಎಷ್ಟೋ ತಲೆಮಾರುಗಳಿಂದ ಇರುವ ನಾಡಿನಲ್ಲಿ ಬೇರೆ ರೀತಿಯ ವ್ಯಾಖ್ಯೆ ನಿಲ್ಲುತ್ತಲೂ ಇರಲಿಲ್ಲ. ಮುಂದಿನ ನಾಲ್ಕು ದಶಕಗಳಲ್ಲಿ ವರದಿಯ ಶೇಕಡಾವಾರು ಅಂಕಿಗಳು ಜನಜನಿತವಾದವು. ಅದರ ಉದಾರ ವ್ಯಾಖ್ಯೆ ಅಷ್ಟಾಗಿ ನೆನಪಿನಲ್ಲಿ ಉಳಿಯಲಿಲ್ಲ.

ಹೊರವಲಯದ ಉದ್ಯೋಗ ಪ್ರದೇಶಗಳು

ವರದಿ ಬಂದ ಹೊತ್ತಿಗೇ ಉದ್ಯೋಗದ ಸ್ವರೂಪ ಬದಲಾಗತೊಡಗಿತ್ತು. 1991ರ ಉದಾರೀಕರಣದ ನಂತರ ಕೇಂದ್ರೋದ್ಯಮಗಳ ನೇಮಕಾತಿ ಕುಗ್ಗಿತು. ಎಚ್‌ಎಂಟಿ ಮತ್ತು ಐಟಿಐ ಸೊರಗಿದವು. ಕೆಲಸಗಳು ನಗರದ ಹೊರಗಿನ ಮೂರು ದಿಕ್ಕುಗಳಿಗೆ ಹೊರಳಿದವು.

ವಾಯವ್ಯದ ಪೀಣ್ಯವು ಸಣ್ಣ ಯಂತ್ರಭಾಗ ತಯಾರಕರ ಮತ್ತು ಸಿದ್ಧ ಉಡುಪು ಕಾರ್ಖಾನೆಗಳ ನೆಲೆ. ದಕ್ಷಿಣದ ಎಲೆಕ್ಟ್ರಾನಿಕ್ ಸಿಟಿಯನ್ನು ರಾಜ್ಯ ಸರ್ಕಾರದ ಕಿಯೋನಿಕ್ಸ್ ಸಂಸ್ಥೆಯು ಆರ್.ಕೆ. ಬಾಳಿಗರ ಮುಂದಾಳತ್ವದಲ್ಲಿ ಕೋನಪ್ಪನ ಅಗ್ರಹಾರ ಮತ್ತು ದೊಡ್ಡತೋಗೂರಿನ ಜಮೀನಿನಲ್ಲಿ ಕಟ್ಟಿತು. ಪೂರ್ವದ ವೈಟ್‌ಫೀಲ್ಡ್‌ನಲ್ಲಿ 1990ರ ದಶಕದಲ್ಲಿ ಸಿಂಗಾಪುರದ ಸಹಭಾಗಿತ್ವದ ಐಟಿಪಿಎಲ್ ಪಟ್ಟಂದೂರು ಅಗ್ರಹಾರದ ನೆಲದಲ್ಲಿ ಎದ್ದಿತು. ವೈಟ್‌ಫೀಲ್ಡ್ ಹುಟ್ಟಿದ್ದೇ ಹೊರಗಿನವರಿಗೆಂದು ಎಂಬುದನ್ನು ಇಲ್ಲಿ ನೆನೆಯಬಹುದು: 1882ರಲ್ಲಿ ಮೈಸೂರು ಮಹಾರಾಜ ಚಾಮರಾಜ ಒಡೆಯರ್ ಅವರು ಯುರೇಷಿಯನ್ ಮತ್ತು ಆಂಗ್ಲೋ-ಇಂಡಿಯನ್ ಸಮುದಾಯದ ವಸಾಹತಿಗೆ ನೀಡಿದ ಭೂಮಿಯದು.

ಮೂರು ಪ್ರದೇಶಗಳ ನೇಮಕಾತಿ ಒಂದೇ ಬಗೆಯದಲ್ಲ. ಸಾಫ್ಟ್‌ವೇರ್ ಸಂಸ್ಥೆಗಳು ದೇಶದ ಎಲ್ಲೆಡೆಯ ಎಂಜಿನಿಯರಿಂಗ್ ಕಾಲೇಜುಗಳಿಂದ ನೌಕರರನ್ನು ಆಯ್ದುಕೊಳ್ಳುತ್ತವೆ. ಅದೇ ಕಟ್ಟಡಗಳ ಕಾವಲು, ಸ್ವಚ್ಛತೆ, ಅಡುಗೆ, ವಾಹನ ಚಾಲನೆಯ ಕೆಲಸಗಳು ಗುತ್ತಿಗೆದಾರರ ಕೈಯಲ್ಲಿವೆ. ಪೀಣ್ಯದ ಸಣ್ಣ ಘಟಕಗಳಲ್ಲಿ ಉತ್ತರ ಮತ್ತು ಪೂರ್ವ ಭಾರತದ ಯುವಕರು ಕಡಿಮೆ ಕೂಲಿಗೆ, ಘಟಕದ ಸಮೀಪದಲ್ಲೇ ಗುಂಪಾಗಿ ವಾಸಿಸಿ ದುಡಿಯುತ್ತಾರೆ. ಕಾಯಂ ಹುದ್ದೆಯೇ ವಿರಳವಾಗಿರುವಲ್ಲಿ ಸಿ ವರ್ಗ, ಡಿ ವರ್ಗ ಎಂಬ ಸರ್ಕಾರಿ ಮಾದರಿಯ ವಿಂಗಡಣೆ ಹೊಂದುವುದಿಲ್ಲ. ಆದರೂ 2014–19 ಮತ್ತು 2020–25ರ ಕೈಗಾರಿಕಾ ನೀತಿಗಳು ಅದೇ ಭಾಷೆಯಲ್ಲಿ, ಒಟ್ಟು ಉದ್ಯೋಗದಲ್ಲಿ ಶೇ. 70 ಹಾಗೂ ಡಿ ವರ್ಗದಲ್ಲಿ ಶೇ. 100ರಷ್ಟು ಕನ್ನಡಿಗರಿರಬೇಕೆಂದು ಹೇಳಿದವು. ನೀತಿ ಶಾಸನವಲ್ಲವಾದ್ದರಿಂದ ಅದರ ಪಾಲನೆ ದುರ್ಬಲವಾಗಿಯೇ ಉಳಿಯಿತು.

ಸಂವಿಧಾನದ ಚೌಕಟ್ಟು

ಸಂವಿಧಾನದ 16(2)ನೇ ವಿಧಿಯು ಸರ್ಕಾರಿ ನೇಮಕಾತಿಯಲ್ಲಿ ಜನ್ಮಸ್ಥಳ ಅಥವಾ ವಾಸಸ್ಥಳದ ಆಧಾರದ ಮೇಲೆ ಭೇದವೆಣಿಸುವುದನ್ನು ನಿಷೇಧಿಸುತ್ತದೆ. ವಾಸಸ್ಥಳದ ಷರತ್ತು ವಿಧಿಸಬೇಕಾದರೆ 16(3)ನೇ ವಿಧಿಯಂತೆ ಸಂಸತ್ತು ಮಾತ್ರ ಶಾಸನ ಮಾಡಬಹುದು. ರಾಜ್ಯ ವಿಧಾನಮಂಡಲಕ್ಕೆ ಆ ಅಧಿಕಾರವಿಲ್ಲ. 1948ರ ನವೆಂಬರ್‌ನಲ್ಲಿ ಸಂವಿಧಾನ ಸಭೆಯಲ್ಲಿ ಈ ಬಗ್ಗೆ ಚರ್ಚೆ ನಡೆದಾಗ ಡಾ. ಬಿ.ಆರ್. ಅಂಬೇಡ್ಕರ್ ಅವರು, ಒಂದು ಪ್ರಾಂತದಲ್ಲಿ ಬೇರೂರದೆ ಕೇವಲ ಹುದ್ದೆಗಾಗಿ ಹಾರಿಬರುವವರ ವಿಚಾರದಲ್ಲಿ ವಾಸಸ್ಥಳದ ಷರತ್ತಿಗೆ ಅರ್ಥವಿದೆ ಎಂದು ಒಪ್ಪಿದ್ದರು. ಆದರೆ ಪ್ರಾಂತಕ್ಕೊಂದು ನಿಯಮವಾಗದಿರಲೆಂದು ಅಧಿಕಾರವನ್ನು ಸಂಸತ್ತಿಗೆ ಬಿಡಲಾಯಿತು. 1957ರ ಕೇಂದ್ರ ಕಾಯ್ದೆಯು ಕೆಲವು ಪ್ರದೇಶಗಳಿಗೆ ತಾತ್ಕಾಲಿಕ ವಿನಾಯಿತಿ ನೀಡಿ, ಉಳಿದೆಡೆ ಇಂತಹ ಷರತ್ತುಗಳನ್ನು ರದ್ದುಪಡಿಸಿತು.

16ನೇ ವಿಧಿ ಸರ್ಕಾರಿ ಹುದ್ದೆಗಳಿಗೆ ಸೀಮಿತ. ಖಾಸಗಿ ವಲಯದ ಮೇಲಿನ ಶಾಸನವನ್ನು ಪ್ರಶ್ನಿಸುವವರು 14ನೇ ವಿಧಿಯ ಸಮಾನತೆಯನ್ನೂ, 19ನೇ ವಿಧಿಯಡಿ ದೇಶದ ಯಾವುದೇ ಭಾಗದಲ್ಲಿ ಸಂಚರಿಸುವ, ನೆಲೆಸುವ ಮತ್ತು ವೃತ್ತಿ ನಡೆಸುವ ಹಕ್ಕುಗಳನ್ನೂ ಆಶ್ರಯಿಸುತ್ತಾರೆ. ಪ್ರದೀಪ್ ಜೈನ್ ಪ್ರಕರಣದಲ್ಲಿ (1984) ಸರ್ವೋಚ್ಚ ನ್ಯಾಯಾಲಯವು ವೈದ್ಯಕೀಯ ಪ್ರವೇಶವನ್ನು ಕುರಿತು ತೀರ್ಪು ನೀಡುತ್ತ, ಭಾರತದಲ್ಲಿ ಇರುವುದು ದೇಶದ ನಿವಾಸತ್ವ ಒಂದೇ, ರಾಜ್ಯದ ನಿವಾಸತ್ವವಲ್ಲ ಎಂದಿತು. ಖಾಸಗಿ ವಲಯದಲ್ಲಿ ಶೇ. 75ರಷ್ಟು ಹುದ್ದೆಗಳನ್ನು ಸ್ಥಳೀಯರಿಗೆ ಮೀಸಲಿಡಲು ಆಂಧ್ರಪ್ರದೇಶ 2019ರಲ್ಲಿ ಕಾಯ್ದೆ ಮಾಡಿತು. ಮಾಸಿಕ ₹30,000ದವರೆಗಿನ ವೇತನದ ಹುದ್ದೆಗಳಿಗೆ ಹರಿಯಾಣ ತಂದ ಇದೇ ಪ್ರಮಾಣದ ಮೀಸಲಾತಿಯನ್ನು ಪಂಜಾಬ್ ಮತ್ತು ಹರಿಯಾಣ ಉಚ್ಚ ನ್ಯಾಯಾಲಯವು 2023ರ ನವೆಂಬರ್ 17ರಂದು ಅಸಾಂವಿಧಾನಿಕವೆಂದು ರದ್ದುಪಡಿಸಿತು.

ಕರ್ನಾಟಕದೊಳಗೇ ಸಂವಿಧಾನಬದ್ಧ ಸ್ಥಳೀಯ ಮೀಸಲಾತಿಯೊಂದಿದೆ. 98ನೇ ತಿದ್ದುಪಡಿಯಿಂದ ಸೇರ್ಪಡೆಯಾದ 371(ಜೆ) ವಿಧಿಯು ಕಲ್ಯಾಣ ಕರ್ನಾಟಕದ ಬೀದರ್, ಕಲಬುರಗಿ, ಯಾದಗಿರಿ, ರಾಯಚೂರು, ಕೊಪ್ಪಳ, ಬಳ್ಳಾರಿ ಮತ್ತು ವಿಜಯನಗರ ಜಿಲ್ಲೆಗಳ ಜನರಿಗೆ ಶಿಕ್ಷಣ ಮತ್ತು ಸರ್ಕಾರಿ ಉದ್ಯೋಗದಲ್ಲಿ ಮೀಸಲಾತಿಗೆ ಅವಕಾಶ ನೀಡಿದೆ. ಇದರ ಆಧಾರ ಭಾಷೆಯಲ್ಲ, ಪ್ರದೇಶದ ಹಿಂದುಳಿದಿರುವಿಕೆ. ಬೆಂಗಳೂರಿನವನು ರಾಯಚೂರಿನಲ್ಲಿ ಈ ಅರ್ಥದಲ್ಲಿ 'ಹೊರಗಿನವನು'.

2024ರ ಮಸೂದೆ

ಕೈಗಾರಿಕೆ, ಕಾರ್ಖಾನೆ ಮತ್ತು ಇತರ ಸಂಸ್ಥೆಗಳಲ್ಲಿ ಸ್ಥಳೀಯ ಅಭ್ಯರ್ಥಿಗಳಿಗೆ ಉದ್ಯೋಗ ನೀಡುವ ಮಸೂದೆಯನ್ನು ಸಿದ್ದರಾಮಯ್ಯ ನೇತೃತ್ವದ ಸಚಿವ ಸಂಪುಟವು 2024ರ ಜುಲೈ 15ರಂದು ಅನುಮೋದಿಸಿತು. ಅದರಂತೆ ಆಡಳಿತ ನಿರ್ವಹಣೆಯ ಹುದ್ದೆಗಳಲ್ಲಿ ಶೇ. 50, ಇತರ ಹುದ್ದೆಗಳಲ್ಲಿ ಶೇ. 70ರಷ್ಟು ಸ್ಥಳೀಯರಿರಬೇಕಿತ್ತು. ಅರ್ಹರು ದೊರೆಯದಿದ್ದರೆ ಮೂರು ವರ್ಷಗಳೊಳಗೆ ತರಬೇತಿ ನೀಡಬೇಕು. ವಿನಾಯಿತಿ ಪಡೆದರೂ ಪ್ರಮಾಣವು ಕ್ರಮವಾಗಿ ಶೇ. 25 ಮತ್ತು ಶೇ. 50ಕ್ಕಿಂತ ಇಳಿಯುವಂತಿಲ್ಲ. ಉಲ್ಲಂಘನೆಗೆ ₹10,000ದಿಂದ ₹25,000ದವರೆಗೆ ದಂಡ. ದೊಡ್ಡ ಸಂಸ್ಥೆಗಳಿಗೆ ಇದು ಭಾರವೇ ಅಲ್ಲದ ಮೊತ್ತ.

ಮಸೂದೆಯ ಪ್ರಕಾರ ಸ್ಥಳೀಯ ಅಭ್ಯರ್ಥಿ ಕರ್ನಾಟಕದಲ್ಲಿ ಹುಟ್ಟಿರಬೇಕು, 15 ವರ್ಷ ಇಲ್ಲಿ ವಾಸಿಸಿರಬೇಕು ಮತ್ತು ಕನ್ನಡವನ್ನು ಮಾತನಾಡಲು, ಓದಲು, ಬರೆಯಲು ಬಲ್ಲವನಾಗಿರಬೇಕು. ಪ್ರೌಢಶಾಲೆಯಲ್ಲಿ ಕನ್ನಡವನ್ನು ಭಾಷೆಯಾಗಿ ಓದಿರದವರು ಪರೀಕ್ಷೆಯಲ್ಲಿ ತೇರ್ಗಡೆಯಾಗಬೇಕು. ಮಹಿಷಿ ವರದಿಯಲ್ಲಿಲ್ಲದ ಹುಟ್ಟಿನ ಷರತ್ತು ಇಲ್ಲಿ ಸೇರಿತು. ಅಕ್ಷರಶಃ ಓದಿದರೆ, ಕನ್ನಡ ಮಾಧ್ಯಮದಲ್ಲೇ ಕಲಿತು ಪೀಣ್ಯದಲ್ಲಿ 20 ವರ್ಷ ದುಡಿದ ಕಾಸರಗೋಡಿನ, ಸೊಲ್ಲಾಪುರದ ಅಥವಾ ಅಕ್ಕಲಕೋಟೆಯ ಕನ್ನಡಿಗ ಸ್ಥಳೀಯನಾಗುವುದಿಲ್ಲ. 1956ರ ಗಡಿರೇಖೆ ಅವನ ತವರನ್ನು ಆಚೆಗಿರಿಸಿದೆ. ಹೊರರಾಜ್ಯದ ದಂಪತಿಗೆ ವೈಟ್‌ಫೀಲ್ಡ್‌ನಲ್ಲಿ ಹುಟ್ಟಿ ಶಾಲೆಯಲ್ಲಿ ಕನ್ನಡ ಓದಿದ ಮಗು ಸ್ಥಳೀಯನಾಗುತ್ತದೆ. ಎರಡನೆಯದು ನ್ಯಾಯವೇ, ಮೊದಲನೆಯದನ್ನು ಕನ್ನಡ ಚಳವಳಿಗಾರರು ಬಯಸಿರಲಾರರು. ಮಸೂದೆಯ ಸುತ್ತ ಎದ್ದ ಗದ್ದಲದಲ್ಲಿ ಈ ಅಂಶಕ್ಕೆ ತಕ್ಕಷ್ಟು ಗಮನ ದೊರೆಯಲಿಲ್ಲ.

ಸಿ ಮತ್ತು ಡಿ ವರ್ಗದಲ್ಲಿ ಶೇ. 100 ಮೀಸಲಾತಿ ಎಂದು ಮುಖ್ಯಮಂತ್ರಿಗಳು ಎಕ್ಸ್ ಜಾಲತಾಣದಲ್ಲಿ ಪ್ರಕಟಿಸಿ ಬಳಿಕ ಅಳಿಸಿದರು. ಕಾರ್ಮಿಕ ಸಚಿವ ಸಂತೋಷ್ ಲಾಡ್ ಶೇ. 50 ಮತ್ತು ಶೇ. 70ರ ಅಂಕಿಗಳನ್ನು ಸ್ಪಷ್ಟಪಡಿಸಿದರು. ನಾಸ್ಕಾಂ ವಿರೋಧಿಸಿತು. ಕಿರಣ್ ಮಜುಂದಾರ್ ಷಾ ಉನ್ನತ ಕೌಶಲದ ಹುದ್ದೆಗಳಿಗೆ ವಿನಾಯಿತಿ ಕೇಳಿದರು. ಆಂಧ್ರದ ಸಚಿವ ನಾರಾ ಲೋಕೇಶ್ ಸಂಸ್ಥೆಗಳನ್ನು ವಿಶಾಖಪಟ್ಟಣಕ್ಕೆ ಆಹ್ವಾನಿಸಿದರು. ಜುಲೈ 17ರಂದು ಮಸೂದೆಯನ್ನು ತಾತ್ಕಾಲಿಕವಾಗಿ ತಡೆಹಿಡಿಯಲಾಯಿತು. ಕನ್ನಡ ಸಂಘಟನೆಗಳು ಇದನ್ನು ಉದ್ಯಮಿಗಳ ಒತ್ತಡಕ್ಕೆ ಮಣಿದ ನಡೆಯೆಂದು ಖಂಡಿಸಿದವು.

ಪೌರತ್ವ ಮತ್ತು ವಲಸೆ ಕಾರ್ಮಿಕರು

ಮೀಸಲಾತಿ ಚರ್ಚೆಯ ಹೊರಗೂ ಈ ಪ್ರದೇಶಗಳಲ್ಲಿ 'ಒಳಗಿನವರು ಯಾರು' ಎಂಬ ಪ್ರಶ್ನೆ ಮತ್ತೆ ಮತ್ತೆ ಎದ್ದಿದೆ. 2012ರ ಆಗಸ್ಟ್‌ನಲ್ಲಿ ವದಂತಿಗಳಿಗೆ ಹೆದರಿ ಈಶಾನ್ಯ ರಾಜ್ಯಗಳ ಸಾವಿರಾರು ಮಂದಿ ಗುವಾಹಟಿಯ ವಿಶೇಷ ರೈಲುಗಳಲ್ಲಿ ಬೆಂಗಳೂರು ತೊರೆದರು. 2020ರ ಜನವರಿಯಲ್ಲಿ, ಪೌರತ್ವ ತಿದ್ದುಪಡಿ ಕಾಯ್ದೆಯ ಪರ-ವಿರೋಧ ಕಾವೇರಿದ್ದ ದಿನಗಳಲ್ಲಿ, ಬೆಳ್ಳಂದೂರು ಸಮೀಪದ ಕರಿಯಮ್ಮನ ಅಗ್ರಹಾರದ ಶೆಡ್‌ಗಳನ್ನು ಅಕ್ರಮ ಬಾಂಗ್ಲಾದೇಶೀಯರ ನೆಲೆಯೆಂದು ಆರೋಪಿಸಿ ಕೆಡವಲಾಯಿತು. ಅಲ್ಲಿದ್ದವರಲ್ಲಿ ಅಸ್ಸಾಂ, ತ್ರಿಪುರಾದವರೊಡನೆ ಉತ್ತರ ಕರ್ನಾಟಕದ ಕಟ್ಟಡ ಕಾರ್ಮಿಕರೂ ಇದ್ದರು. ಭಾರತೀಯರೆಂಬುದಕ್ಕೆ ಗುರುತಿನ ಚೀಟಿ ತೋರಿಸಬೇಕಾದವರಲ್ಲಿ ಕನ್ನಡಿಗರೂ ಸೇರಿದರು. ಪ್ರಕರಣ ಉಚ್ಚ ನ್ಯಾಯಾಲಯದ ಮೆಟ್ಟಿಲೇರಿತು.

ಅದೇ ವರ್ಷದ ಮೇ ತಿಂಗಳಲ್ಲಿ, ಕೋವಿಡ್ ಲಾಕ್‌ಡೌನ್ ನಡುವೆ, ನಿರ್ಮಾಣ ಉದ್ಯಮಿಗಳೊಡನೆ ಸಭೆ ನಡೆಸಿದ ಬಳಿಕ ರಾಜ್ಯ ಸರ್ಕಾರವು ವಲಸೆ ಕಾರ್ಮಿಕರ ವಿಶೇಷ ರೈಲುಗಳನ್ನು ರದ್ದುಪಡಿಸುವಂತೆ ಕೋರಿತು. ತೀವ್ರ ಟೀಕೆ ಬಂದ ಮೇಲೆ ನಿರ್ಧಾರವನ್ನು ಹಿಂಪಡೆಯಿತು. ಬರುವುದು ಬೇಡವೆಂಬ ಕೂಗು ಕೇಳಿದವರಿಗೇ ಆಗ ಹೋಗುವುದೂ ಬೇಡವೆಂಬ ಉತ್ತರ ಸಿಕ್ಕಿತ್ತು.

ಇವುಗಳಿಗಿಂತ ಭಿನ್ನವಾದುದು 2016ರ ಏಪ್ರಿಲ್‌ನ ಸಿದ್ಧ ಉಡುಪು ಕಾರ್ಮಿಕರ ಪ್ರತಿಭಟನೆ. ಭವಿಷ್ಯನಿಧಿ ಹಣವನ್ನು ಹಿಂಪಡೆಯುವುದಕ್ಕೆ ಕೇಂದ್ರವು ನಿರ್ಬಂಧ ವಿಧಿಸಿದಾಗ, ಬಹುಪಾಲು ಮಹಿಳೆಯರೇ ಇದ್ದ ಸಾವಿರಾರು ಕಾರ್ಮಿಕರು ಯಾವ ದೊಡ್ಡ ಸಂಘಟನೆಯ ಕರೆಯೂ ಇಲ್ಲದೆ ಹೊಸೂರು ರಸ್ತೆಗೂ, ಮರುದಿನ ಪೀಣ್ಯ-ಜಾಲಹಳ್ಳಿ ಕಡೆಯ ತುಮಕೂರು ರಸ್ತೆಗೂ ಇಳಿದರು. ಏಪ್ರಿಲ್ 19ರಂದು ಕೇಂದ್ರ ಸರ್ಕಾರ ನಿಯಮವನ್ನು ಹಿಂಪಡೆಯಿತು. ಅಲ್ಲಿ ಕೇಳಿದ್ದು ಹುಟ್ಟೂರಿನ ಹಕ್ಕನ್ನಲ್ಲ, ದುಡಿದ ಹಣವನ್ನು.

ಇತರೆಡೆಯ ಹೋಲಿಕೆಗಳು

ಚೀನಾದ ಹುಕೌ ನೋಂದಣಿ ಪದ್ಧತಿಯಲ್ಲಿ ಸ್ವಂತ ದೇಶದೊಳಗೇ ಊರು ಬದಲಿಸಿದವರ ಶಿಕ್ಷಣ, ಆರೋಗ್ಯ ಸೌಲಭ್ಯಗಳು ಮೊಟಕಾಗುತ್ತವೆ. ಸೌದಿ ಅರೇಬಿಯಾವು 2011ರಲ್ಲಿ ತಂದ ನಿತಾಖತ್ ಯೋಜನೆ ಖಾಸಗಿ ಸಂಸ್ಥೆಗಳಲ್ಲಿ ಸೌದಿ ಪ್ರಜೆಗಳ ಪ್ರಮಾಣವನ್ನು ಕಡ್ಡಾಯಗೊಳಿಸಿತು. ಕರಾವಳಿ ಕರ್ನಾಟಕದಿಂದ ಕೊಲ್ಲಿಗೆ ಹೋದವರಿಗೂ ಅದರ ಬಿಸಿ ತಟ್ಟಿತು. ಅಲ್ಲಿ ವಿಂಗಡಣೆ ಪ್ರಜೆ ಮತ್ತು ವಿದೇಶಿಯ ನಡುವಿನದು. ಕರ್ನಾಟಕದ ಮಸೂದೆ ಕೈಹಾಕಿದ್ದು ಒಂದೇ ಪೌರತ್ವವುಳ್ಳವರ ನಡುವಿನ ವಿಂಗಡಣೆಗೆ.