ಖಬರಸ್ತಾನದ ದಾರಿ ಮತ್ತು ಪೊಲೀಸ್ ಪಾಟೀಲ

ಸೇಡಂ, ಚಿತ್ತಾಪುರ, ಚಿಂಚೋಳಿ ಕಡೆಯ ಹಳ್ಳಿಗಳಲ್ಲಿ ಮಾಲಿಪಾಟೀಲ, ಪೊಲೀಸ್ ಪಾಟೀಲ ಎಂಬ ಅಡ್ಡಹೆಸರುಗಳು ಇಂದಿಗೂ ಇವೆ. ಹೊರಗಿನವರು ಕೇಳಿ ನಗುವುದುಂಟು. ಆದರೆ ಆ ಹೆಸರುಗಳಲ್ಲಿ ನಿಜಾಮನ ಕಾಲದ ಗ್ರಾಮಾಡಳಿತವೇ ಅಡಗಿದೆ. ಕಂದಾಯ ವಸೂಲಿ ಮಾಲಿಪಾಟೀಲನದು, ಊರಿನ ಶಾಂತಿ ಕಾಯುವುದು ಪೊಲೀಸ್ ಪಾಟೀಲನದು. ಲೆಕ್ಕಕ್ಕೆ ಕುಲಕರ್ಣಿ, ಕಾವಲಿಗೆ ಸೇತಸಿಂದಿ. ಹೆಣ ಎಲ್ಲಿ ಮಣ್ಣಾಗಬೇಕು, ಯಾವ ದಾರಿಯಲ್ಲಿ ಸಾಗಬೇಕು ಎಂಬ ಜಗಳ ಎದ್ದರೆ ಚಾವಡಿಯಲ್ಲಿ ಕೂರುತ್ತಿದ್ದವರು ಇವರೇ.

ದಫನ ಮಾಡುವವರು ಮುಸ್ಲಿಮರು ಮಾತ್ರ ಎಂದು ತಿಳಿದವರಿದ್ದಾರೆ. ಈ ಸೀಮೆಯಲ್ಲಿ ಲಿಂಗಾಯತರೂ ಹೂಳುತ್ತಾರೆ, ದಲಿತರಲ್ಲಿ ಹೆಚ್ಚಿನವರೂ ಹೂಳುತ್ತಾರೆ. ಆದ್ದರಿಂದ ಮಣ್ಣಿನ ತಂಟೆಯನ್ನು ಹಿಂದೂ-ಮುಸ್ಲಿಂ ಜಗಳವೆಂದಷ್ಟೇ ನೋಡಿದರೆ ಅರ್ಧ ಕತೆ ಕಾಣುವುದೇ ಇಲ್ಲ. ದಲಿತರ ಹೆಣಕ್ಕೆ ದಾರಿ ಬಿಡದ ಹೊಲದೊಡೆಯ ಎಲ್ಲ ಜಾತಿ, ಮತಗಳಲ್ಲೂ ಸಿಗುತ್ತಾನೆ.

ಇಲ್ಲಿನ ನೆಲವೂ ಸುಲಭದ್ದಲ್ಲ. ಶಹಾಬಾದ್, ವಾಡಿ ಸುತ್ತಮುತ್ತ ಹಲವೆಡೆ ಗುದ್ದಲಿ ಹಾಕಿದರೆ ಸ್ವಲ್ಪದರಲ್ಲೇ ಹಾಸುಬಂಡೆ. ಮನೆಗೆ ಹಾಸುವ ಆ ಶಹಾಬಾದ್ ಕಲ್ಲು ಗೋರಿ ತೋಡುವವನಿಗೆ ಶತ್ರು. ಎರೆಭೂಮಿಯಲ್ಲಾದರೆ ಮಳೆಗಾಲದ ಕೆಸರು. ಹೀಗಾಗಿ ಹೂಳಲು ಅನುಕೂಲವಾದ ಜಾಗ ಊರಿಗೆ ಒಂದೋ ಎರಡೋ. ಅಲ್ಲಿಗೆ ಹೋಗುವ ಕಾಲುದಾರಿ ಯಾರದೋ ಹೊಲದ ಬದುವಿನ ಮೇಲೆ. ಹೊಲ ಕೈ ಬದಲಾದಾಗ, ಹೊಸ ಒಡೆಯ ಬೇಲಿ ಹಾಕಿದಾಗ, ಜನಾಝಾ ಹೆಗಲ ಮೇಲಿರುವಾಗಲೇ ಜಗಳ ಶುರು. ಖಬರಸ್ತಾನದ ತಂಟೆಗಳಲ್ಲಿ ಬಹಳಷ್ಟು ಜಾಗದ್ದಲ್ಲ, ದಾರಿಯದ್ದು ಎಂಬುದು ನನ್ನ ಅಭಿಪ್ರಾಯ.

ಕಾವಲಿನ ವ್ಯವಸ್ಥೆಯೂ ಒಂದೇ ಕೈಯಲ್ಲಿರಲಿಲ್ಲ. 1874ರಲ್ಲಿ ವಾಡಿಯಿಂದ ಸಿಕಂದರಾಬಾದಿಗೆ ರೈಲು ಓಡಿದ ಮೇಲೆ ಹಳಿಯ ನೆಲದ ಮೇಲಿನ ನ್ಯಾಯಾಧಿಕಾರ ಬ್ರಿಟಿಷರದಾಯಿತು. ಹಳಿ ದಾಟಿದರೆ ನಿಜಾಮನ ಕಾನೂನು.

ಚಾವಡಿಯ ಈ ನ್ಯಾಯವನ್ನು ಹೊಗಳಲು ಹೊರಟವರು 1948ನ್ನು ನೆನೆಯಬೇಕು. ರಜಾಕಾರರ ಹಾವಳಿಯಲ್ಲೂ, ಸೆಪ್ಟೆಂಬರಿನ ಪೊಲೀಸ್ ಕಾರ್ಯಾಚರಣೆಯ ನಂತರದ ಹಿಂಸೆಯಲ್ಲೂ ಅದು ಜನರನ್ನು ಉಳಿಸಲಿಲ್ಲ. ಅದೇ ವರ್ಷದ ಕೊನೆಗೆ ಪಂಡಿತ ಸುಂದರಲಾಲ್ ಮತ್ತು ಖಾಜಿ ಅಬ್ದುಲ್ ಗಫಾರ್ ಅವರ ತಂಡ ಸಂಸ್ಥಾನವನ್ನು ಸುತ್ತಿ, ಅತಿ ಹೆಚ್ಚು ನಲುಗಿದ ನಾಲ್ಕು ಜಿಲ್ಲೆಗಳಲ್ಲಿ ಗುಲಬರ್ಗಾವನ್ನೂ ಹೆಸರಿಸಿತು. ಆ ವರದಿಯನ್ನು ದಶಕಗಳ ಕಾಲ ಹೊರಗೆ ಬಿಡಲಿಲ್ಲ. ಸತ್ತ ಎಷ್ಟೋ ಜನರಿಗೆ ಹೆಸರಿನ ಗೋರಿಯಿಲ್ಲ. ಉಳಿದವರು ಊರು ಬಿಟ್ಟಲ್ಲಿ ಹಳೆಯ ಖಬರಸ್ತಾನಕ್ಕೆ ವಾರಸುದಾರರೂ ಇಲ್ಲ.

ವಂಶಪಾರಂಪರ್ಯದ ಗ್ರಾಮ ಹುದ್ದೆಗಳನ್ನು ರದ್ದುಗೊಳಿಸಿದ 1961ರ ಕಾಯ್ದೆ 1963ರಲ್ಲಿ ಜಾರಿಗೆ ಬಂತು. ಪಾಟೀಲ ಹೋದ, ಅವನ ನೆನಪಿನಲ್ಲಿದ್ದ ಗಡಿಯೂ ಹೋಯಿತು. ಸ್ಮಶಾನದ ನಿರ್ವಹಣೆ ಇಂದು ಗ್ರಾಮ ಪಂಚಾಯಿತಿಯ ಕೆಲಸ. ಆದರೆ ಜಗಳ ಎದ್ದರೆ ಪಂಚಾಯಿತಿಗೆ ಬಲವಿಲ್ಲ. ಅದು ತಹಶೀಲ್ದಾರರ ಬಳಿಗೆ, ಸೇಡಮ್ಮಿನ ಸಹಾಯಕ ಆಯುಕ್ತರ ಬಳಿಗೆ ಹೋಗುತ್ತದೆ. ನೆಲದ ಸ್ವಾಧೀನಕ್ಕೆ ದಂಡ ಪ್ರಕ್ರಿಯಾ ಸಂಹಿತೆಯ 145ನೇ ಕಲಂ, ದಾರಿಯ ಹಕ್ಕಿಗೆ 147 ಇದ್ದವು. 2024ರ ಜುಲೈನಿಂದ ಹೊಸ ಸಂಹಿತೆಯಲ್ಲಿ ಅವು 164 ಮತ್ತು 166. ಈ ಕಲಮುಗಳು ಶಾಂತಿ ಕಾಯುತ್ತವೆಯೇ ಹೊರತು ಜಾಗ ಯಾರದೆಂದು ಹೇಳುವುದಿಲ್ಲ.

ಸ್ಮಶಾನವಿಲ್ಲದ ಹಳ್ಳಿಗಳಿಗೆ ಜಾಗ ಕೊಡಬೇಕೆಂದು ಹೈಕೋರ್ಟ್ 2019ರಲ್ಲಿ ಆದೇಶಿಸಿತು. ಪಾಲನೆಯಾಗದೆ ನ್ಯಾಯಾಂಗ ನಿಂದನೆಯ ಅರ್ಜಿಯೇ ಬೇಕಾಯಿತು. 2024ರಲ್ಲಿ ಪಹಣಿಯ ವಕ್ಫ್ ನಮೂದಿನ ನೋಟಿಸುಗಳಿಂದ ರೈತರು ಗಾಬರಿಗೊಂಡರು, ಸರ್ಕಾರ ಅವನ್ನು ಹಿಂಪಡೆಯಿತು. 2025ರ ತಿದ್ದುಪಡಿ ಕಾಯ್ದೆಯ ನಂತರ, ತಲೆಮಾರುಗಳಿಂದ ಹೂಳುತ್ತ ಬಂದಿದ್ದೇವೆ ಎಂಬ ಬಳಕೆಯೊಂದೇ ಹೊಸದಾಗಿ ವಕ್ಫ್ ಎನಿಸಿಕೊಳ್ಳಲು ಸಾಲದು. ಕಾಗದ ಮಾಡಿಸಿಕೊಳ್ಳಲು ನಮ್ಮ ಹಿರಿಯರು ತೋರಿದ ಉದಾಸೀನವನ್ನು ಇಲ್ಲಿ ಹೇಳದೆ ವಿಧಿಯಿಲ್ಲ.

ಗ್ರಾಮ ನಕ್ಷೆಯಲ್ಲಿ ಕಾಲುದಾರಿಯನ್ನು ಚುಕ್ಕೆಗೆರೆಯಿಂದ ತೋರಿಸುತ್ತಾರೆ. ತಂಟೆ ಬಂದಾಗ ಭೂಮಾಪಕ ಮೊದಲು ಹುಡುಕುವುದು ಅದನ್ನೇ. ಆ ಗೆರೆ ಇಲ್ಲದ ಊರಿನವರು ಪ್ರತಿ ಸಾವಿನಲ್ಲೂ ಹೊಲದೊಡೆಯನ ಮನೆಬಾಗಿಲಿಗೆ ಹೋಗಿ ಕೇಳಿಕೊಳ್ಳುತ್ತಾರೆ.