ಕಪಿಲೆಯ ಗುಂಟ ಕುಣಿತ, ಕಟ್ಟಳೆ

1976ರ ಅಕ್ಟೋಬರಿನಲ್ಲಿ ಲಂಡನ್ನಿನ ಐಸಿಎ ಗ್ಯಾಲರಿಯಲ್ಲಿ ಕೋಸಿ ಫ್ಯಾನಿ ಟುಟ್ಟಿ ಎಂಬಾಕೆ, ತಾನೇ ರೂಪದರ್ಶಿಯಾಗಿದ್ದ ವಯಸ್ಕರ ಪತ್ರಿಕೆಗಳ ಪುಟಗಳಿಗೆ ಚೌಕಟ್ಟು ಹಾಕಿಸಿ, ಇದೇ ನನ್ನ ಕಲೆ ಎಂದಳು. ಗದ್ದಲ ಪಾರ್ಲಿಮೆಂಟಿನವರೆಗೂ ಹೋಯಿತು. ಕಲಾಚರಿತ್ರೆಗೆ ಇದು ಹೊಸ ಹಾದಿ. ಆದರೆ ಕಪಿಲೆಯ ದಂಡೆಯ ಬೀಚನಹಳ್ಳಿ ಕಡೆಯವರು ಅಷ್ಟೇನೂ ಬೆಚ್ಚಬೇಕಿಲ್ಲ.

ನಾಗರಹೊಳೆ ಕಾಡಿನ ಆಚೆ ಮಗ್ಗುಲಿನ ದೇವರಪುರದಲ್ಲಿ ಮೇ ತಿಂಗಳ ಕುಂಡೆ ಹಬ್ಬಕ್ಕೆ ಜೇನುಕುರುಬರು, ಯರವರು ಸೇರುತ್ತಾರೆ. ಗಂಡಸರು ಹೆಂಗಸರ ಬಟ್ಟೆ ತೊಟ್ಟು, ಪ್ಲಾಸ್ಟಿಕ್ ಡಬ್ಬ ಬಡಿಯುತ್ತ, ದಾರಿಯಲ್ಲಿ ಹೋಗುವ ಬಸ್ಸು ಕಾರು ನಿಲ್ಲಿಸಿ ಕಾಸು ಕೇಳುತ್ತಾರೆ. ಬಾಯಿಗೆ ಬಂದ ಬೈಗುಳವೇ ಹಾಡು. ಬೇಟೆಗೆಂದು ಜೊತೆಗೆ ಬಂದ ದೇವರು ಭದ್ರಕಾಳಿಯ ಹಿಂದೆ ಹೋಗಿ ತಮ್ಮ ಕೈಬಿಟ್ಟನೆಂಬ ಸಿಟ್ಟು ಅದು. ಕೊನೆಗೆ ಅದೇ ದೇವರ ಮುಂದೆ ತಪ್ಪಾಯಿತೆಂದು ಕೈಮುಗಿಯುತ್ತಾರೆ. ಇಲ್ಲಿ ಪರವಾನಗಿ ಕೊಡುವವರೂ ಪಡೆಯುವವರೂ ಅವರೇ.

ಬೀಚನಹಳ್ಳಿಯ ಅಣೆಕಟ್ಟೆ ದಾಟಿ ಹೊಳೆ ನಂಜನಗೂಡು ಮುಟ್ಟುವ ಹೊತ್ತಿಗೆ ಪರವಾನಗಿ ಸರ್ಕಾರದ ಕೈಗೆ ಹೋಗಿರುತ್ತದೆ. 1909ರಲ್ಲಿ ಮೈಸೂರು ಸರ್ಕಾರ ಮುಜರಾಯಿ ದೇವಸ್ಥಾನಗಳಲ್ಲಿ ದೇವದಾಸಿಯರ ಸೇವೆ ನಿಲ್ಲಿಸಿತು. ಶ್ರೀಕಂಠೇಶ್ವರನ ಗುಡಿಯ ದೇವದಾಸಿಯರು ಅರ್ಜಿ ಹಾಕಿಕೊಂಡರೂ ಬಗ್ಗಲಿಲ್ಲ. ಮರುವರ್ಷ, ಇದೇ ನಂಜನಗೂಡಿನಲ್ಲಿ ಹುಟ್ಟಿದ ಬೆಂಗಳೂರು ನಾಗರತ್ನಮ್ಮ, ಮುದ್ದುಪಳನಿಯ ತೆಲುಗು ಶೃಂಗಾರಕಾವ್ಯ ‘ರಾಧಿಕಾ ಸಾಂತ್ವನಮು’ವನ್ನು ಕತ್ತರಿಯಾಡಿಸದೆ ಅಚ್ಚು ಹಾಕಿಸಿದರು. ಗಂಡು ಕವಿಗಳಿಗಿಲ್ಲದ ನಾಚಿಕೆ ಹೆಣ್ಣಿಗೆ ಮಾತ್ರ ಯಾಕೆ ಎಂದು, ದೊಡ್ಡ ಸುಧಾರಕರಾದ ವೀರೇಶಲಿಂಗಂ ಅವರನ್ನೇ ಮುನ್ನುಡಿಯಲ್ಲಿ ತರಾಟೆಗೆ ತೆಗೆದುಕೊಂಡರು. ಪುಸ್ತಕಕ್ಕೆ ನಿಷೇಧ ಬಿತ್ತು, ತೆರವಾದದ್ದು 1947ರಲ್ಲಿ. ಕುಣಿದು ಹಾಡಿ ಬದುಕಿದ ಕುಲದವಳೊಬ್ಬಳು ಆ ಶೃಂಗಾರಕ್ಕೆ ತಾನೇ ವಕಾಲತ್ತು ವಹಿಸಿದ್ದು ಕೋಸಿಗಿಂತ ಅರವತ್ತಾರು ವರ್ಷ ಮೊದಲು. ನನ್ನ ಮಟ್ಟಿಗೆ ಈ ಚರಿತ್ರೆಯ ಅತಿ ದಿಟ್ಟ ಅಧ್ಯಾಯ ಇದೇ.

ಶೃಂಗಾರದ ಹಾಡಾದ ಜಾವಳಿಗೆ ಮೈಸೂರು ಅರಮನೆಯ ಆಸರೆ ಸಿಕ್ಕಿತು. ಜಟ್ಟಿ ತಾಯಮ್ಮನವರ ಶಿಷ್ಯೆ, ಲಂಬಾಣಿ ತಾಂಡ್ಯದಿಂದ ಬಂದ ವೆಂಕಟಲಕ್ಷಮ್ಮ ಇಳಿವಯಸ್ಸಿನಲ್ಲೂ ಕುಳಿತಲ್ಲೇ ಕಣ್ಣು, ಹುಬ್ಬು, ಬೆರಳಿನಲ್ಲಿ ಹುಸಿಮುನಿಸು ಆಡಿಸುತ್ತಿದ್ದರು. ಆ ಅಭಿನಯ ವಿಶ್ವವಿದ್ಯಾಲಯಕ್ಕೂ ಬಂತು, 1992ರಲ್ಲಿ ಪದ್ಮಭೂಷಣವೂ ಬಂತು. ಕಂಪನಿ ನಾಟಕದ ದ್ವಂದ್ವಾರ್ಥ, ಸಿನಿಮಾದ ಕ್ಯಾಬರೆ, ರೆಕಾರ್ಡ್ ಡ್ಯಾನ್ಸುಗಳಿಗೆ ಅಂಥ ಭಾಗ್ಯವಿರಲಿಲ್ಲ. ಟಿಕೆಟ್ ಮಾತ್ರ ಖರ್ಚಾದವು.

ಆ ತಿರಸ್ಕೃತ ಸರಕನ್ನು ಗ್ಯಾಲರಿಗೆ ಎತ್ತಿ ತಂದವರು ಬೆಂಗಳೂರಿನ ಪುಷ್ಪಮಾಲಾ ಎನ್. 1996–98ರ ‘ಫ್ಯಾಂಟಮ್ ಲೇಡಿ’ ಫೋಟೊ ಸರಣಿಯಲ್ಲಿ ಮುಖವಾಡದ ಸಾಹಸಿಯೂ ಅವರೇ, ವ್ಯಾಂಪೂ ಅವರೇ. ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆಗಿನ ನಂತರದ ಸರಣಿಯಲ್ಲಿ ರವಿವರ್ಮನ ನಾಯಕಿಯಾಗಿ, ಅಳತೆಯ ಚೌಕುಳಿ ಪರದೆಯೆದುರು ನಿಂತ ಬುಡಕಟ್ಟು ಹೆಂಗಸಾಗಿ, ನೋಡುವವರ ಕಣ್ಣನ್ನೇ ಅಣಕಿಸಿದರು. ಚೆನ್ನಾದ ಕೆಲಸ, ಆದರೆ ವೇಷ ಕಳಚಿಟ್ಟು ಮನೆಗೆ ಹೋಗಬಲ್ಲ ಕಲಾವಿದೆಯದು.

ಕುಣಿತವನ್ನೇ ಕಸುಬು ಮಾಡಿಕೊಂಡವರ ಪಾಡು ಬೇರೆ. ಬೆಂಗಳೂರಿನ ಕ್ಯಾಬರೆ, ಲೈವ್ ಬ್ಯಾಂಡ್, ಡಿಸ್ಕೊಗಳಿಗೆ ಪೊಲೀಸ್ ಲೈಸೆನ್ಸ್ ಕಡ್ಡಾಯ ಮಾಡಿದ ಆದೇಶ 2005ರದು. ಕೋರ್ಟು ಹತ್ತಿದ್ದು ರೆಸ್ಟೋರೆಂಟುಗಳ ಸಂಘ. 2018ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಆದೇಶವನ್ನು ಎತ್ತಿಹಿಡಿಯಿತು.